ಬಿಟ್ಟಿ ಲಿನಕ್ಸು, ಬಿಟ್ಟಿಯಲ್ಲದ ಹತ್ತು ವರ್ಷ

ಕನ್ನಡದ ‘ಬಿಟ್ಟಿ’ ಎಂಬ ಪದಕ್ಕೆ ಎರಡು ಮುಖ. ಕಾಸು ಕೊಡದೆ ಸಿಕ್ಕಿದ್ದು ಬಿಟ್ಟಿ. ಕೂಲಿ ಸಿಗದೆ ಮಾಡಿದ ಚಾಕರಿಯೂ ಬಿಟ್ಟಿ. ಸಂಸ್ಕೃತದ ‘ವಿಷ್ಟಿ’ಯಿಂದ ಬಂದ ಈ ಪದಕ್ಕೆ ಹಳೆಯದು ಎರಡನೆಯ ಅರ್ಥವೇ. ಊರಿನವರು ಕೂಲಿಯಿಲ್ಲದೆ ಮಾಡಿಕೊಡಬೇಕಿದ್ದ ಕೆಲಸಕ್ಕೆ ಶಾಸನಗಳಲ್ಲಿ ಇದೇ ಹೆಸರು. ಒಬ್ಬರಿಗೆ ಬಿಟ್ಟಿ ಸಿಕ್ಕಿತೆಂದರೆ ಎಲ್ಲೋ ಇನ್ನೊಬ್ಬರು ಬಿಟ್ಟಿ ದುಡಿದಿರುತ್ತಾರೆ, ಇಲ್ಲವೇ ಮೂರನೆಯವರು ಆ ಕೂಲಿ ತೆತ್ತಿರುತ್ತಾರೆ ಎಂಬ ಲೆಕ್ಕ ಪದದ ಒಳಗೇ ಇದೆ.

ಬ್ಯಾಂಕು, ಟೆಲಿಕಾಂ, ಸರ್ಕಾರಿ ಕಚೇರಿ, ಸಂಶೋಧನಾಲಯಗಳ ಸರ್ವರುಗಳಲ್ಲಿ ಓಡುವ ‘ಎಂಟರ್‌ಪ್ರೈಸ್ ಲಿನಕ್ಸ್’ ಅನ್ನು ದುಡ್ಡಿಲ್ಲದೆ ತಂದು ಕೂರಿಸಿಕೊಳ್ಳಬಹುದೇ? ಬಹುದು. ಕಾನೂನಿಗೆ ಸರಿಯಾದ ದಾರಿಗಳೇ ಹಲವಿವೆ. ಆದರೆ ಇಪ್ಪತ್ತು ವರ್ಷಗಳಿಂದ ಈ ಲೋಕದಲ್ಲಿ ನಡೆದಿರುವ ಜಗಳ ತರುವುದರ ಬಗ್ಗೆ ಅಲ್ಲ, ತಂದದ್ದನ್ನು ಮುಂದಿನ ಹತ್ತು ವರ್ಷ ಯಾರು ನೋಡಿಕೊಳ್ಳುತ್ತಾರೆ, ಅವರ ಕೂಲಿ ಯಾರದು ಎಂಬುದರ ಬಗ್ಗೆ.

‘ಎಂಟರ್‌ಪ್ರೈಸ್’ ಎಂದರೇನು?

ಲಿನಕ್ಸ್ ಎಂಬುದು ಒಂದು ಕರ್ನೆಲ್, ಅಂದರೆ ಆಪರೇಟಿಂಗ್ ಸಿಸ್ಟಮ್ಮಿನ ತಿರುಳು. 1991ರಲ್ಲಿ ಲೀನಸ್ ಟೊರ್ವಾಲ್ಡ್ಸ್ ಶುರುಮಾಡಿದ್ದು, ಮರುವರ್ಷ ಜಿಪಿಎಲ್ ಎಂಬ ಪರವಾನಗಿಯ ಅಡಿಗೆ ಬಂತು. ಅದರ ಸುತ್ತ ಸಾವಿರಾರು ಸಣ್ಣಪುಟ್ಟ ತಂತ್ರಾಂಶಗಳನ್ನು ಜೋಡಿಸಿ, ಇನ್‌ಸ್ಟಾಲ್ ಮಾಡಲು ಅನುಕೂಲವಾಗುವಂತೆ ಕಟ್ಟಿಕೊಟ್ಟರೆ ಅದು ‘ಡಿಸ್ಟ್ರೋ’. ಮನೆಯ ಲ್ಯಾಪ್‌ಟಾಪಿನ ಡಿಸ್ಟ್ರೋ ಆರು ತಿಂಗಳಿಗೊಮ್ಮೆ ಹೊಸ ರೂಪ ತಾಳಿದರೆ ಯಾರಿಗೂ ತೊಂದರೆಯಿಲ್ಲ. ಬ್ಯಾಂಕಿನ ಸರ್ವರಿಗೆ ಅದು ಆಗಿಬರುವುದಿಲ್ಲ. ಇವತ್ತು ಓಡಿದ ಪ್ರೋಗ್ರಾಂ ಎಂಟು ವರ್ಷದ ನಂತರವೂ ಹಾಗೆಯೇ ಓಡಬೇಕು, ನಡುವೆ ಸಿಕ್ಕ ಭದ್ರತಾ ತೂತುಗಳೂ ಮುಚ್ಚುತ್ತಿರಬೇಕು.

ಈ ಎರಡನ್ನೂ ಒಟ್ಟಿಗೆ ಸಾಧಿಸುವ ಕೆಲಸಕ್ಕೆ ಬ್ಯಾಕ್‌ಪೋರ್ಟಿಂಗ್ ಎನ್ನುತ್ತಾರೆ. 2014ರಲ್ಲಿ ಬಂದ ರೆಡ್ ಹ್ಯಾಟ್ ಎಂಟರ್‌ಪ್ರೈಸ್ ಲಿನಕ್ಸ್ 7 ಇದಕ್ಕೆ ಒಳ್ಳೆಯ ಉದಾಹರಣೆ. ಬಳಸುವವರ ಬಾಯಲ್ಲಿ ಅದು ‘ರೆಲ್’. ಅದರ ಕರ್ನೆಲ್ಲಿನ ಸಂಖ್ಯೆ 3.10, ಅದು 2013ರದು. 2024ರಲ್ಲಿ ಅವಧಿ ಮುಗಿಯುವವರೆಗೂ ಅದೇ ಸಂಖ್ಯೆ ಉಳಿಯಿತು. ಹೊಸ ಕರ್ನೆಲ್ಲುಗಳಲ್ಲಿ ಆದ ದುರಸ್ತಿಗಳನ್ನು ಮಾತ್ರ ಹೆಕ್ಕಿ ತಂದು ಹಳೆಯದಕ್ಕೆ ಹೊಲಿಯುತ್ತ ಬಂದರು. ತೊಟ್ಟಿಮನೆಯ ಒಂದು ಗೋಡೆಯನ್ನೂ ಕದಲಿಸದೆ, ಒಳಗೆ ವಾಸವಿರುವವರನ್ನೂ ಎಬ್ಬಿಸದೆ, ಗೆದ್ದಲು ಹಿಡಿದ ತೊಲೆಗಳನ್ನು ಒಂದೊಂದಾಗಿ ಬದಲಿಸಿದಂತೆ. ಹೆಸರು ಬರದ, ಬೇಸರದ, ನುರಿತ ಕೈ ಬೇಡುವ ಕೆಲಸ ಇದು. ಎಂಟರ್‌ಪ್ರೈಸ್ ಲಿನಕ್ಸಿನ ಬೆಲೆ ಇರುವುದು ಇಲ್ಲಿ, ಸಿ.ಡಿ.ಯಲ್ಲೂ ಅಲ್ಲ, ಕೋಡಿನಲ್ಲೂ ಅಲ್ಲ.

ಸಿ.ಡಿ.ಯಿಂದ ಚಂದಾಕ್ಕೆ

1990ರ ದಶಕದ ಕೊನೆಯಲ್ಲಿ ಲಿನಕ್ಸ್ ನಮ್ಮಲ್ಲಿ ಅನೇಕರ ಕೈಗೆ ಬಂದದ್ದು ಕಂಪ್ಯೂಟರ್ ಪತ್ರಿಕೆಗಳ ಜೊತೆ ಅಂಟಿಸಿದ ಸಿ.ಡಿ.ಯಾಗಿ. 1993ರಲ್ಲಿ ಅಮೆರಿಕದಲ್ಲಿ ಹುಟ್ಟಿದ ರೆಡ್ ಹ್ಯಾಟ್ ಕಂಪನಿಯ ‘ರೆಡ್ ಹ್ಯಾಟ್ ಲಿನಕ್ಸ್’ ಆ ಕಾಲದ ಮನೆಮಾತು. ಬೇಕೆಂದವರು ಡಬ್ಬಿ ಕೊಳ್ಳಬಹುದು, ಬೇಡವೆಂದವರು ಇಳಿಸಿಕೊಳ್ಳಬಹುದು, ಗೆಳೆಯನಿಗೆ ನಕಲು ಮಾಡಿಯೂ ಕೊಡಬಹುದು. 1999ರಲ್ಲಿ ಕಂಪನಿ ಷೇರುಪೇಟೆಗೆ ಬಂತು. ಡಬ್ಬಿ ಮಾರಿ ಬರುವ ಹಣದಿಂದ ಕಂಪನಿ ನಡೆಯದು ಎಂಬುದು ಬಹುಬೇಗ ಗೊತ್ತಾಯಿತು.

2002ರಲ್ಲಿ ಅದು ಅಡ್ವಾನ್ಸ್‌ಡ್ ಸರ್ವರ್ ಎಂಬ ಪ್ರತ್ಯೇಕ ಆವೃತ್ತಿ ತಂದಿತು. ಇದೇ ಮುಂದೆ ರೆಲ್ ಆಯಿತು. 2003ರಲ್ಲಿ ಬಂದ ರೆಡ್ ಹ್ಯಾಟ್ ಲಿನಕ್ಸ್ 9 ಹಳೆಯ ಸಾಲಿನ ಕೊನೆಯದು. ಅಲ್ಲಿಂದ ದಾರಿ ಎರಡಾಯಿತು. ಹೊಸತನ್ನು ಬಯಸುವವರಿಗೆ ಸಮುದಾಯದ ಫೆಡೋರಾ, ಸ್ಥಿರತೆ ಬಯಸುವವರಿಗೆ ಚಂದಾ ಕಟ್ಟಿ ಪಡೆಯುವ ರೆಲ್. ಚಂದಾ ವರ್ಷವರ್ಷಕ್ಕೆ, ಯಂತ್ರಯಂತ್ರಕ್ಕೆ. ಹಣ ಕೋಡಿಗಲ್ಲ, ತಿದ್ದುಪಡಿಗಳಿಗೆ, ನೆರವಿಗೆ ಎಂಬುದು ಕಂಪನಿಯ ನಿಲುವು.

ಆದರೆ ಕೋಡು ಜಿಪಿಎಲ್ಲಿನದು. ಪ್ರೋಗ್ರಾಂ ಪಡೆದವರಿಗೆ ಅದರ ಸೋರ್ಸ್ ಕೋಡನ್ನೂ ಕೊಡಬೇಕು, ಅವರು ಅದನ್ನು ಇನ್ನೊಬ್ಬರಿಗೆ ಹಂಚುವುದಕ್ಕೆ ಹೊಸ ಅಡ್ಡಿಗಳನ್ನು ಹಾಕಬಾರದು ಎಂಬುದು ಅದರ ತಿರುಳು. ರೆಡ್ ಹ್ಯಾಟ್ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಗಿರಾಕಿಗಳಿಗಷ್ಟೇ ಅಲ್ಲದೆ ಎಲ್ಲರಿಗೂ ಸಿಗುವಂತೆ ಸೋರ್ಸನ್ನು ತೆರೆದಿಟ್ಟಿತ್ತು. ಮುಂದಿನ ಕತೆಯೆಲ್ಲ ಹುಟ್ಟಿದ್ದು ಆ ತೆರೆದ ಬಾಗಿಲಿನಿಂದ.

ತದ್ರೂಪುಗಳ ಕಾಲ

ತೆರೆದಿಟ್ಟ ಸೋರ್ಸನ್ನು ತೆಗೆದುಕೊಂಡು, ರೆಡ್ ಹ್ಯಾಟ್‌ನ ಹೆಸರು ಮತ್ತು ಲಾಂಛನಗಳನ್ನು ಕಿತ್ತು, ಮತ್ತೆ ಕಂಪೈಲ್ ಮಾಡಿದರೆ ರೆಲ್‌ನ ತದ್ರೂಪು ಸಿದ್ಧ. ಅಮೆರಿಕದ ಲೂಸಿಯಾನಾದ ಒಂದು ಸಾರ್ವಜನಿಕ ಗ್ರಂಥಾಲಯ ತನ್ನ ಕಂಪ್ಯೂಟರುಗಳಿಗಾಗಿ ‘ವೈಟ್ ಬಾಕ್ಸ್’ ಎಂಬ ತದ್ರೂಪು ಕಟ್ಟಿಕೊಂಡಿತ್ತು. ಫರ್ಮಿಲ್ಯಾಬ್ ಮತ್ತು ಸರ್ನ್‌ನ ಭೌತವಿಜ್ಞಾನಿಗಳು 2004ರಲ್ಲಿ ‘ಸೈಂಟಿಫಿಕ್ ಲಿನಕ್ಸ್’ ತಂದರು. ಅದೇ ವರ್ಷ ಬಂದ ಸೆಂಟ್‌ಓಎಸ್ ಇವೆಲ್ಲವನ್ನೂ ಮೀರಿ ಬೆಳೆಯಿತು.

ಹೆಸರಿನ ಹಕ್ಕು ಜಿಪಿಎಲ್ ವ್ಯಾಪ್ತಿಗೆ ಸೇರಿದ್ದಲ್ಲ. 2005ರಲ್ಲಿ ರೆಡ್ ಹ್ಯಾಟ್‌ನ ವಕೀಲರಿಂದ ಪತ್ರ ಬಂದ ಮೇಲೆ ಸೆಂಟ್‌ಓಎಸ್‌ನವರು ರೆಡ್ ಹ್ಯಾಟ್ ಎಂಬ ಹೆಸರನ್ನೇ ಬಿಟ್ಟು, ಉತ್ತರ ಅಮೆರಿಕದ ಒಬ್ಬ ಪ್ರಮುಖ ಎಂಟರ್‌ಪ್ರೈಸ್ ಲಿನಕ್ಸ್ ಮಾರಾಟಗಾರ ಎಂದು ಸುತ್ತಿಬಳಸಿ ಬರೆಯತೊಡಗಿದರು. ಗಂಡನ ಹೆಸರೆತ್ತದೆ ‘ನಮ್ಮನೆಯವರು’ ಎನ್ನುತ್ತಿದ್ದ ಹಳೆಯ ಕಾಲದ ಹೆಂಗಸರಂತೆ. ಯಾರ ಮಾತೆಂದು ಎಲ್ಲರಿಗೂ ಗೊತ್ತಿತ್ತು.

ಬೆಂಗಳೂರಿನಂಥ ಊರುಗಳಲ್ಲಿ ರೆಡ್ ಹ್ಯಾಟ್ ಪ್ರಮಾಣಪತ್ರಕ್ಕೆ ಓದುವ ಹುಡುಗರು ಅಭ್ಯಾಸ ಮಾಡುತ್ತಿದ್ದುದು ಸೆಂಟ್‌ಓಎಸ್ ಮೇಲೆ. ಮುಖ್ಯ ಸರ್ವರಿಗೆ ಚಂದಾ ಕಟ್ಟಿ, ಪರೀಕ್ಷೆಯ ಯಂತ್ರಗಳಿಗೆ ಸೆಂಟ್‌ಓಎಸ್ ಹಾಕುವುದು ಕಂಪನಿಗಳಲ್ಲಿ ಸಾಮಾನ್ಯ ರೂಢಿ. ಬಿಟ್ಟಿ ಸಿಕ್ಕ ಈ ಸೌಕರ್ಯದ ಹಿಂದೆ ದುಡಿಯುತ್ತಿದ್ದವರು ಬೆರಳೆಣಿಕೆಯ ಸ್ವಯಂಸೇವಕರು. ಆ ಎಳೆ ಎಷ್ಟು ತೆಳುವಾದದ್ದೆಂದು ಎರಡು ಸಲ ಕಂಡಿತು. 2009ರಲ್ಲಿ ಯೋಜನೆಯ ಹಣಕಾಸು, ಜಾಲತಾಣದ ಹೆಸರುಗಳ ಹಿಡಿತವಿದ್ದ ಸ್ಥಾಪಕರೊಬ್ಬರು ಸಂಪರ್ಕಕ್ಕೇ ಸಿಗದೆ, ಉಳಿದವರು ಬಹಿರಂಗ ಪತ್ರ ಬರೆಯಬೇಕಾಯಿತು. ರೆಲ್ 6 ಬಂದದ್ದು 2010ರ ನವೆಂಬರಿನಲ್ಲಿ; ಅದರ ತದ್ರೂಪು ಸಿದ್ಧವಾದದ್ದು 2011ರ ಜುಲೈಗೆ.

2006ರಲ್ಲೇ ಒರಾಕಲ್ ಕಂಪನಿ ತನ್ನದೇ ತದ್ರೂಪು ತಂದು, ಅದರ ನೆರವನ್ನು ರೆಡ್ ಹ್ಯಾಟ್‌ಗಿಂತ ಕಡಿಮೆ ಬೆಲೆಗೆ ಮಾರಲು ನಿಂತಿತ್ತು. 2011ರಲ್ಲಿ ರೆಡ್ ಹ್ಯಾಟ್ ಕರ್ನೆಲ್ಲಿನ ತಿದ್ದುಪಡಿಗಳನ್ನು ಬಿಡಿಬಿಡಿಯಾಗಿ ಕೊಡುವುದನ್ನು ನಿಲ್ಲಿಸಿ, ಎಲ್ಲವನ್ನೂ ಒಂದೇ ಗಂಟಾಗಿ ಕಟ್ಟಿ ಕೊಡತೊಡಗಿತು. ಸೋರ್ಸ್ ಸಿಗುತ್ತಿತ್ತು; ಯಾವ ಹೊಲಿಗೆ ಯಾವ ಹರಕಿಗೆ ಎಂದು ಬಿಡಿಸುವುದು ಕಷ್ಟವಾಯಿತು. ಮುಂದೆ 2023ರಲ್ಲಿ ಸೋರ್ಸಿಗಾಗಿ ಎದ್ದ ಜಗಳದ ಮೊಳಕೆ ಆಗಲೇ ಒಡೆದಿತ್ತು. ಸೆಂಟ್‌ಓಎಸ್ ಜೊತೆ ಮಾತ್ರ ರೆಡ್ ಹ್ಯಾಟ್ ಬೇರೆ ದಾರಿ ಹಿಡಿಯಿತು. 2014ರ ಜನವರಿಯಲ್ಲಿ ಅದನ್ನು ತನ್ನ ಮಡಿಲಿಗೇ ತೆಗೆದುಕೊಂಡಿತು. ಬಿಟ್ಟಿ ದುಡಿಯುತ್ತಿದ್ದವರಲ್ಲಿ ಕೆಲವರಿಗೆ ಸಂಬಳ ಬಂತು. ಆ ಸಂಬಳದ ಜೊತೆ ಸೆಂಟ್‌ಓಎಸ್‌ನ ಭವಿಷ್ಯವೂ ಕಂಪನಿಯ ಕೈ ಸೇರಿತು.

2020ರ ಡಿಸೆಂಬರ್ 8

2019ರ ಜುಲೈನಲ್ಲಿ ಐಬಿಎಂ 34 ಬಿಲಿಯನ್ ಡಾಲರಿಗೆ ರೆಡ್ ಹ್ಯಾಟನ್ನು ಕೊಂಡಿತು. ಸೆಪ್ಟೆಂಬರಿನಲ್ಲಿ ಸೆಂಟ್‌ಓಎಸ್ 8 ಬಂತು, ಜೊತೆಗೆ ‘ಸ್ಟ್ರೀಮ್’ ಎಂಬ ಹೊಸ ಕವಲೂ ಬಂತು. ಸೆಂಟ್‌ಓಎಸ್ 8 ಅನ್ನು 2029ರವರೆಗೆ ನೋಡಿಕೊಳ್ಳುತ್ತಾರೆ ಎಂದು ಎಲ್ಲರೂ ನಂಬಿದ್ದರು. 2020ರ ಡಿಸೆಂಬರ್ 8ರಂದು ಆ ಗಡುವು 2021ರ ಕೊನೆಗೆ ಇಳಿಯಿತು. ಅದನ್ನು ನಂಬಿ ಆಗಲೇ ಸರ್ವರುಗಳನ್ನು ಹೊಸ ಆವೃತ್ತಿಗೆ ಒಯ್ದಿದ್ದವರಿಗೆ ಏಳು ವರ್ಷಕ್ಕೂ ಹೆಚ್ಚು ಕಾಲ ಒಮ್ಮೆಗೇ ಕೈತಪ್ಪಿತು. ಆವೃತ್ತಿ 7ರಲ್ಲೇ ಕೂತಿದ್ದ ಸೋಮಾರಿಗೆ ಮಾತ್ರ 2024ರ ಜೂನ್‌ವರೆಗೆ ನೆಮ್ಮದಿ.

ಇನ್ನು ಉಳಿಯುವುದು ಸ್ಟ್ರೀಮ್ ಮಾತ್ರ ಎಂದು ಕಂಪನಿ ಹೇಳಿತು. ಹಳೆಯ ಸೆಂಟ್‌ಓಎಸ್ ರೆಲ್‌ನ ಹಿಂದೆ ನಡೆಯುತ್ತಿತ್ತು. ಸ್ಟ್ರೀಮ್ ರೆಲ್‌ಗಿಂತ ಒಂದು ಹೆಜ್ಜೆ ಮುಂದೆ ನಡೆಯುತ್ತದೆ. ಮುಂದಿನ ರೆಲ್‌ಗೆ ಹೋಗಲಿರುವ ಬದಲಾವಣೆಗಳು ಮೊದಲು ಕಾಣುವುದು ಅಲ್ಲಿ. ಅದರ ಆಯುಷ್ಯವೂ ಹತ್ತಲ್ಲ, ಸುಮಾರು ಐದು ವರ್ಷ.

ಅದೇ ದಿನ ಸೆಂಟ್‌ಓಎಸ್‌ನ ಮೂಲ ಸ್ಥಾಪಕರಲ್ಲೊಬ್ಬರಾದ ಗ್ರೆಗರಿ ಕರ್ಟ್ಜರ್ ಹೊಸ ತದ್ರೂಪಿನ ಮಾತೆತ್ತಿದರು. ತೀರಿಹೋದ ಸಹಸ್ಥಾಪಕ ರಾಕಿ ಮೆಕ್‌ಗಾ ಅವರ ನೆನಪಿಗೆ ಅದರ ಹೆಸರು ರಾಕಿ ಲಿನಕ್ಸ್. ಕ್ಲೌಡ್‌ಲಿನಕ್ಸ್ ಕಂಪನಿ ವರ್ಷಕ್ಕೆ 10 ಲಕ್ಷ ಡಾಲರ್ ಕೊಡುವ ಮಾತಿನೊಂದಿಗೆ ಆಲ್ಮಾ ಲಿನಕ್ಸ್ ಆರಂಭಿಸಿತು. 2021ರ ಮಾರ್ಚಿನಲ್ಲಿ ಆಲ್ಮಾ, ಜೂನಿನಲ್ಲಿ ರಾಕಿ ಬಳಕೆಗೆ ಬಂದವು.

ಇವತ್ತಿನ ದಾರಿಗಳು

ಇವತ್ತು ಬಿಟ್ಟಿ ಪಡೆಯಬಯಸುವವರ ಮುಂದೆ ಐದು ಬಾಗಿಲುಗಳಿವೆ.

ಮೊದಲನೆಯದು ಸ್ವತಃ ರೆಲ್. ರೆಡ್ ಹ್ಯಾಟ್ 2016ರಿಂದ ಡೆವಲಪರುಗಳಿಗೆ ಅದನ್ನು ಹಣವಿಲ್ಲದೆ ಕೊಡುತ್ತಿತ್ತು. 2021ರ ಫೆಬ್ರವರಿಯಿಂದ ಒಬ್ಬ ವ್ಯಕ್ತಿ 16 ಯಂತ್ರಗಳವರೆಗೆ ನಿಜವಾದ ಕೆಲಸಕ್ಕೂ ಬಳಸಬಹುದು ಎಂದಿತು. ಖಾತೆ ತೆರೆಯಬೇಕು, ಯಂತ್ರವನ್ನು ನೋಂದಾಯಿಸಬೇಕು, ವರ್ಷಕ್ಕೊಮ್ಮೆ ನವೀಕರಿಸಬೇಕು. ಕಂಪನಿಯಿಂದ ನೆರವು ಸಿಗದು, ತಿದ್ದುಪಡಿಗಳು ಸಿಗುತ್ತವೆ.

ಎರಡನೆಯದು ರಾಕಿ ಮತ್ತು ಆಲ್ಮಾ. ಖಾತೆಯಿಲ್ಲ, ನೋಂದಣಿಯಿಲ್ಲ, ಯಂತ್ರಗಳ ಲೆಕ್ಕವಿಲ್ಲ. ಮೂರನೆಯದು ಒರಾಕಲ್ ಲಿನಕ್ಸ್. ಇಳಿಸಲೂ ತಿದ್ದುಪಡಿ ಪಡೆಯಲೂ ದುಡ್ಡಿಲ್ಲ, ನೆರವು ಬೇಕಿದ್ದರೆ ಮಾತ್ರ ಬೆಲೆ. ನಾಲ್ಕನೆಯದು ಸ್ಟ್ರೀಮ್. ಸ್ವಂತ ಎಂಜಿನಿಯರುಗಳ ದಂಡೇ ಇರುವ ಮೆಟಾ ತನ್ನ ಸರ್ವರುಗಳನ್ನು ಇದರ ಮೇಲೆಯೇ ಓಡಿಸುತ್ತದೆ.

ಐದನೆಯದು ಈ ಕುಟುಂಬವನ್ನೇ ಬಿಟ್ಟು ಹೋಗುವುದು. 1993ರಿಂದ ಯಾವ ಕಂಪನಿಯ ಒಡೆತನಕ್ಕೂ ಸಿಗದೆ ನಡೆದಿರುವ ಡೆಬಿಯನ್ ಇದೆ. ಅದರ ಒಂದು ಆವೃತ್ತಿಗೆ ಸುಮಾರು ಐದು ವರ್ಷದ ಆರೈಕೆ. ಉಬುಂಟುವಿನ ದೀರ್ಘ ಆರೈಕೆಯ ಎಲ್‌ಟಿಎಸ್ ಆವೃತ್ತಿಗೂ ಐದು ವರ್ಷ; ವೈಯಕ್ತಿಕ ಬಳಕೆಗೆ ಐದು ಯಂತ್ರಗಳವರೆಗೆ ಅದನ್ನು ಹಣವಿಲ್ಲದೆಯೇ ಹತ್ತಕ್ಕೆ ಏರಿಸಿಕೊಳ್ಳಬಹುದು.

ಕೂರಿಸುವ ಕೆಲಸ

ಇನ್‌ಸ್ಟಾಲ್ ಮಾಡುವುದರಲ್ಲಿ ಮೊದಲಿದ್ದ ಗೋಜಲು ಈಗಿಲ್ಲ. ರೆಲ್, ರಾಕಿ, ಆಲ್ಮಾ, ಒರಾಕಲ್ ಎಲ್ಲಕ್ಕೂ ಇನ್‌ಸ್ಟಾಲರ್ ಒಂದೇ, ಅದರ ಹೆಸರು ಅನಕೊಂಡ. ಇಳಿಸಬೇಕಾದ ಐಎಸ್‌ಒ ಕಡತ ಎರಡು ಬಗೆ. ಎಲ್ಲವೂ ಒಳಗೇ ಇರುವ ಡಿವಿಡಿ ಕಡತ ಹತ್ತು ಜಿಬಿಯ ಆಸುಪಾಸು. ಬೂಟ್ ಕಡತ ಚಿಕ್ಕದು, ಉಳಿದದ್ದನ್ನು ಇನ್‌ಸ್ಟಾಲ್ ಹೊತ್ತಿನಲ್ಲಿ ನೆಟ್‌ನಿಂದ ತರುತ್ತದೆ. ನೆಟ್ ಆಗಾಗ ಕೈಕೊಡುವ ಊರಿನಲ್ಲಿ ಮೊದಲನೆಯದೇ ವಾಸಿ.

ಹೆಚ್ಚಿನವರು ಹಾರಿಸಿಬಿಡುವ ಹೆಜ್ಜೆ ಚೆಕ್‌ಸಮ್ ತಾಳೆ ನೋಡುವುದು. ಇಳಿಸಿದ ಕಡತದಿಂದ ಬರುವ ಎಸ್‌ಎಚ್‌ಎ-256 ಸಂಖ್ಯೆಯೂ ತಾಣದಲ್ಲಿ ಪ್ರಕಟಿಸಿದ ಸಂಖ್ಯೆಯೂ ಅಕ್ಷರಶಃ ಒಂದೇ ಆಗಿರಬೇಕು. ಆಮೇಲೆ ಪೆನ್‌ಡ್ರೈವಿಗೆ ಬರೆದು ಬೂಟ್ ಮಾಡಿದರೆ ಭಾಷೆ, ಡಿಸ್ಕ್, ನೆಟ್‌ವರ್ಕ್, ಪಾಸ್‌ವರ್ಡ್ ಕೇಳುತ್ತದೆ. ಎಚ್ಚರ ಬೇಕಾದದ್ದು ಡಿಸ್ಕಿನ ಪರದೆಯಲ್ಲಿ. ‘ಆಟೊಮ್ಯಾಟಿಕ್’ ಒತ್ತಿ ಜಾಗ ತೆರವು ಮಾಡಿಸಿದರೆ ಹಳೆಯದೆಲ್ಲ ಹೋಗುತ್ತದೆ. ರೆಲ್ ಆದರೆ ಯಂತ್ರವನ್ನು ನೋಂದಾಯಿಸಿದ ಮೇಲೆಯೇ ತಿದ್ದುಪಡಿಗಳು ಇಳಿಯುತ್ತವೆ. ಮಿಕ್ಕವುಗಳಲ್ಲಿ ಒಂದೇ ಆಜ್ಞೆ ಸಾಕು.

ಹಳೆಯ ಯಂತ್ರವಿರುವವರು ಪ್ರೊಸೆಸರನ್ನೂ ನೋಡಬೇಕು. 2025ರ ಮೇ ತಿಂಗಳಲ್ಲಿ ಬಂದ ರೆಲ್ 10, ಇಂಟೆಲ್‌ನ ಲೆಕ್ಕದಲ್ಲಿ ಹೇಳುವುದಾದರೆ, 2013ರ ಹ್ಯಾಸ್‌ವೆಲ್‌ಗಿಂತ ಹಳೆಯ ಪ್ರೊಸೆಸರಿನ ಮೇಲೆ ಓಡದು. ಆಲ್ಮಾ 10 ಹಳೆಯವಕ್ಕೆಂದೇ ಬೇರೊಂದು ಬಿಲ್ಡ್ ಇಟ್ಟಿದೆ. ಕಾಲೇಜು ಪ್ರಯೋಗಾಲಯಗಳ ಹಳೆಯ ಡೆಸ್ಕ್‌ಟಾಪುಗಳಿಗೆ ಇದು ಸಣ್ಣ ಮಾತಲ್ಲ. ಪರದೆಯಲ್ಲಿ ಕನ್ನಡ ಬೇಕೆಂದವರಿಗೆ ಈ ಲೋಕ ಕೊಟ್ಟ ಉಡುಗೊರೆ ಲೋಹಿತ್ ಕನ್ನಡ. ರೆಡ್ ಹ್ಯಾಟ್ ಮುಕ್ತ ಪರವಾನಗಿಯಲ್ಲಿ ಹೊರತಂದ ಭಾರತೀಯ ಲಿಪಿಗಳ ಫಾಂಟ್ ಕುಟುಂಬದಲ್ಲಿ ಅದೂ ಒಂದು.

ನಾಲ್ಕು ವಾದಗಳು

2023ರ ಜೂನ್ 21ರಂದು ರೆಡ್ ಹ್ಯಾಟ್ ಇನ್ನೊಂದು ಬಾಗಿಲು ಮುಚ್ಚಿತು. ರೆಲ್‌ನ ಸೋರ್ಸನ್ನು ಇನ್ನು ಸಾರ್ವಜನಿಕವಾಗಿ ಇಡುವುದಿಲ್ಲ, ಅದು ಗಿರಾಕಿಗಳಿಗೆ ಮಾತ್ರ. ಉಳಿದವರಿಗೆ ಸ್ಟ್ರೀಮ್‌ನ ಸೋರ್ಸ್ ಇದೆ ಎಂದಿತು. ಅಂದಿನಿಂದ ವಾದಗಳು ನಾಲ್ಕು ಕವಲಾಗಿವೆ.

ಮೊದಲನೆಯದು ಕೂಲಿಯ ವಾದ. ರೆಡ್ ಹ್ಯಾಟ್‌ನ ಪರವಾಗಿ ಮೈಕ್ ಮೆಕ್‌ಗ್ರಾತ್ ಮಂಡಿಸಿದ್ದು ಇದನ್ನು. ಬ್ಯಾಕ್‌ಪೋರ್ಟಿಂಗ್ ಮಾಡುವ ಎಂಜಿನಿಯರುಗಳಿಗೆ ಸಂಬಳ ಕೊಡುವುದು ನಾವು. ಏನನ್ನೂ ಸೇರಿಸದೆ ಬರೀ ಮರುಕಂಪೈಲ್ ಮಾಡಿ ಮಾರುವವರಿಗೆ ದಾರಿ ಸುಗಮ ಮಾಡಿಕೊಡುವ ಹೊಣೆ ನಮ್ಮದಲ್ಲ. ದುರಸ್ತಿಗಳನ್ನು ನಾವು ಮೂಲ ಯೋಜನೆಗಳಿಗೂ ಸ್ಟ್ರೀಮ್‌ಗೂ ಕೊಡುತ್ತಲೇ ಇದ್ದೇವಲ್ಲ? ಹೊಲಿಗೆಯ ಕೆಲಸಕ್ಕೆ ಹಣ ಎಲ್ಲಿಂದ ಬರಬೇಕು ಎಂಬುದನ್ನು ಈ ವಾದ ನೇರವಾಗಿ ಹೇಳುತ್ತದೆ. ಆದರೆ ರೆಡ್ ಹ್ಯಾಟ್ ತಾನೂ ಸಾವಿರಾರು ಹೊರಗಿನವರ ಕೋಡಿನ ಮೇಲೆ ನಿಂತಿದೆ, ಅವರೆಲ್ಲರಿಗೂ ಅದು ಕೂಲಿ ಕೊಟ್ಟಿಲ್ಲ ಎಂಬುದನ್ನು ಬದಿಗಿಡುತ್ತದೆ.

ಎರಡನೆಯದು ಪರವಾನಗಿಯ ವಾದ. ಸಾಫ್ಟ್‌ವೇರ್ ಫ್ರೀಡಂ ಕನ್ಸರ್ವೆನ್ಸಿಯ ಬ್ರಾಡ್ಲಿ ಕೂನ್ ಅದೇ ವಾರ ದೀರ್ಘ ವಿಶ್ಲೇಷಣೆ ಬರೆದರು. ಗಿರಾಕಿಗೆ ಸೋರ್ಸ್ ಕೊಟ್ಟರೆ ಜಿಪಿಎಲ್‌ನ ಅಕ್ಷರ ಪಾಲನೆಯಾಯಿತು. ಆದರೆ ಆ ಗಿರಾಕಿ ಅದನ್ನು ಹಂಚಿದರೆ ಚಂದಾವನ್ನೇ ರದ್ದು ಮಾಡುವ ಅಧಿಕಾರ ಒಪ್ಪಂದದಲ್ಲಿದೆ. ಹಕ್ಕು ಇದೆ, ಚಲಾಯಿಸಿದರೆ ಸಂಬಂಧ ಕಡಿಯುತ್ತದೆ. ಇದು ಹೊಸ ಅಡ್ಡಿಯೇ, ಅಥವಾ ಇಷ್ಟವಿಲ್ಲದವರೊಡನೆ ವ್ಯವಹಾರ ನಿಲ್ಲಿಸುವ ಸ್ವಾತಂತ್ರ್ಯವೇ? ಉಪ್ಪು ಕೊಟ್ಟು ಉಣ್ಣಬೇಡ ಎಂದಂತೆ ಎನ್ನುವವರು ಒಂದು ಕಡೆ. ನಾಳೆಯ ಉಪ್ಪನ್ನೂ ಕೊಡುತ್ತೇನೆಂದು ಯಾರೂ ಬರೆದುಕೊಟ್ಟಿಲ್ಲ ಎನ್ನುವವರು ಇನ್ನೊಂದು ಕಡೆ.

ಮೂರನೆಯದು ತದ್ರೂಪಿನ ವಾದ. ರೆಲ್‌ನಲ್ಲಿರುವ ತಪ್ಪೂ ಸೇರಿ ಎಲ್ಲವೂ ಹಾಗೆಯೇ ಇರಬೇಕು, ಇಲ್ಲದಿದ್ದರೆ ರೆಲ್‌ಗೆಂದು ಪರೀಕ್ಷಿಸಿದ ತಂತ್ರಾಂಶ ಇಲ್ಲೂ ಓಡುತ್ತದೆಂಬ ಭರವಸೆ ಎಲ್ಲಿ ಎನ್ನುವುದು ರಾಕಿಯ ನಿಲುವು. ಸಾರ್ವಜನಿಕ ಕಂಟೇನರ್ ಇಮೇಜುಗಳು, ಬಾಡಿಗೆಗೆ ಸಿಗುವ ಕ್ಲೌಡ್ ಯಂತ್ರಗಳ ಮೂಲಕ ಸೋರ್ಸ್ ಪಡೆಯುವ ದಾರಿಯನ್ನು ಅವರು ಹೇಳಿದರು. ಆಗಸ್ಟಿನಲ್ಲಿ ಕರ್ಟ್ಜರ್ ಅವರ ಸಿಐಕ್ಯು, ಒರಾಕಲ್, ಸೂಸೆ ಮೂವರೂ ಸೇರಿ ಸೋರ್ಸನ್ನು ಒಟ್ಟಿಗೆ ಕಾಪಾಡಲು ಓಪನ್‌ಇಎಲ್‌ಎ ಎಂಬ ಒಕ್ಕೂಟ ಕಟ್ಟಿದರು. ಪರಸ್ಪರ ಪೈಪೋಟಿಯ ಕಂಪನಿಗಳನ್ನು ಒಂದೇ ಪಂಕ್ತಿಯಲ್ಲಿ ಕೂರಿಸಿದ್ದು ರೆಡ್ ಹ್ಯಾಟ್‌ನ ನಿರ್ಧಾರವೇ.

ನಾಲ್ಕನೆಯದು ಹೊಂದಾಣಿಕೆಯ ವಾದ. ಜುಲೈನಲ್ಲಿ ಆಲ್ಮಾ, ತದ್ರೂಪಾಗುವ ಹಟ ಬಿಟ್ಟೆವು ಎಂದಿತು. ರೆಲ್‌ಗೆ ಬರೆದ ಪ್ರೋಗ್ರಾಂ ಇಲ್ಲಿ ಓಡಿದರೆ ಸಾಕು; ತಪ್ಪು ಕಂಡರೆ ರೆಡ್ ಹ್ಯಾಟ್‌ಗೆ ಕಾಯದೆ ತಿದ್ದುತ್ತೇವೆ. ಅದೇ ತಿಂಗಳು ಐಪರ್ಫ್3 ಎಂಬ ಸಲಕರಣೆಯ ದೋಷಕ್ಕೆ ಆಲ್ಮಾ ಮಾಡಿದ ತಿದ್ದುಪಡಿಯನ್ನು ಸ್ಟ್ರೀಮ್‌ಗೆ ಕಳುಹಿಸಿದರು. ಅಷ್ಟು ತುರ್ತಿಲ್ಲವೆಂದು ಮೊದಲು ಬೇಡವೆಂದ ರೆಡ್ ಹ್ಯಾಟ್, ಚರ್ಚೆಯಾದ ಮೇಲೆ ಸ್ವೀಕರಿಸಿತು. ಏನನ್ನೂ ಸೇರಿಸುವುದಿಲ್ಲ ಎಂಬ ಆರೋಪಕ್ಕೆ ಇದಕ್ಕಿಂತ ನೇರವಾದ ಉತ್ತರ ಇರಲಾರದು. ಬದಲಿಗೆ ಆಲ್ಮಾ ಬಿಟ್ಟುಕೊಟ್ಟದ್ದು ‘ಪಡಿಯಚ್ಚು’ ಎಂಬ ಭರವಸೆ.

ತೀರ್ಮಾನವಾಗದೆ ಉಳಿದದ್ದು

ಮೊದಲ ಪ್ರಶ್ನೆ ಕಾನೂನಿನದು. ಹಂಚಿದವರ ಚಂದಾ ರದ್ದು ಮಾಡುವುದು ಜಿಪಿಎಲ್ ನಿಷೇಧಿಸುವ ಅಡ್ಡಿಯೇ ಎಂಬುದನ್ನು ನ್ಯಾಯಾಲಯ ಕೈಗೆತ್ತಿಕೊಂಡು ತೀರ್ಪು ಕೊಟ್ಟಿಲ್ಲ. ಅಲ್ಲಿಯವರೆಗೆ ಎರಡು ಕಡೆಯದೂ ಅಭಿಪ್ರಾಯವೇ.

ಎರಡನೆಯದು ತಾಂತ್ರಿಕ. ರಾಕಿ ಮತ್ತು ಆಲ್ಮಾದ ದಾರಿಗಳು ವರ್ಷ ಕಳೆದಂತೆ ಎಷ್ಟು ದೂರ ಸರಿಯುತ್ತವೆ, ರೆಲ್‌ಗೆ ಮಾತ್ರ ಪ್ರಮಾಣಪತ್ರ ಕೊಡುವ ದೊಡ್ಡ ತಂತ್ರಾಂಶ ಕಂಪನಿಗಳು ಯಾವುದನ್ನು ಒಪ್ಪುತ್ತವೆ ಎಂಬುದು ಇನ್ನೂ ಕಾಣಬೇಕು. ಮೂರನೆಯದು 16 ಯಂತ್ರಗಳ ಕೊಡುಗೆಯದು. ವರ್ಷಕ್ಕೊಮ್ಮೆ ನವೀಕರಿಸುವ ಉಡುಗೊರೆಯನ್ನು ಹತ್ತು ವರ್ಷದ ಯೋಜನೆಗೆ ಬುನಾದಿ ಮಾಡಿಕೊಳ್ಳಬಹುದೇ?

ನಾಲ್ಕನೆಯದು ಈ ಕುಟುಂಬಕ್ಕಿಂತ ದೊಡ್ಡದು. 2024ರ ಮಾರ್ಚಿನಲ್ಲಿ ಎಕ್ಸ್‌ಝಡ್ ಎಂಬ, ಬಹುತೇಕ ಎಲ್ಲ ಡಿಸ್ಟ್ರೋಗಳೂ ಬಳಸುವ ಸಣ್ಣ ಸಲಕರಣೆಯಲ್ಲಿ ಯಾರೋ ಹಿಂಬಾಗಿಲು ಕೊರೆದಿದ್ದು ಪತ್ತೆಯಾಯಿತು. ಸಂಬಳವಿಲ್ಲದೆ ಹೆಚ್ಚುಕಡಿಮೆ ಒಬ್ಬರೇ ದಣಿದು ನಡೆಸುತ್ತಿದ್ದ ಯೋಜನೆಗೆ ನೆರವಿನ ನೆಪದಲ್ಲಿ ಹೊರಗಿನವರು ನುಗ್ಗಿದ್ದರು. ಅದು ರೆಲ್‌ಗೆ ತಲುಪುವ ಮೊದಲೇ ಸಿಕ್ಕಿಬಿತ್ತು. ಹಣ ಕೊಟ್ಟು ಕೊಂಡ ಲಿನಕ್ಸಿನ ಅಡಿಪಾಯದಲ್ಲೂ ಬಿಟ್ಟಿ ಚಾಕರಿ ಇದೆ. ಅದರ ಕೂಲಿಯ ಮಾತನ್ನು ನಾಲ್ಕು ವಾದಗಳಲ್ಲಿ ಯಾವುದೂ ಪೂರ್ತಿಯಾಗಿ ಎತ್ತಿಕೊಂಡಿಲ್ಲ.

ಕೊನೆಯದು ಮಾತು ಉಳಿಸಿಕೊಳ್ಳುವ ಪ್ರಶ್ನೆ. ಸೆಂಟ್‌ಓಎಸ್‌ನ ಆವೃತ್ತಿ 5, 6, 7 ಕೊಟ್ಟ ಗಡುವಿನವರೆಗೂ ನಡೆದವು, ಮುರಿದದ್ದು ಎಂಟನೆಯದು. ಅವಧಿ ಮುಗಿದ ಕೂಡಲೆ ತಿದ್ದುಪಡಿಗಳನ್ನು ಎಲ್ಲಿಂದ ಇಳಿಸಬೇಕೆಂದು ಹೇಳುವ ಏಳನೆಯದರ ಮಿರರ್ ಪಟ್ಟಿ ಸ್ತಬ್ಧವಾದಾಗ ಎಷ್ಟೋ ಸರ್ವರುಗಳಲ್ಲಿ ಅಪ್‌ಡೇಟ್ ಆಜ್ಞೆ ಕೈಚೆಲ್ಲಿತು, ಅಡ್ಮಿನ್‌ಗಳು ಹಳೆಯ ಉಗ್ರಾಣದ ವಿಳಾಸ ಹುಡುಕಿ ಹೊರಟರು. ರಾಕಿ 8 ಮತ್ತು ಆಲ್ಮಾ 8 ಎರಡೂ ತಮ್ಮ ಆರೈಕೆಯನ್ನು ಎಲ್ಲಿಯವರೆಗೆ ಎಂದು ಹೇಳಿವೆ ಗೊತ್ತೇ? 2029. ಸೆಂಟ್‌ಓಎಸ್ 8 ಕೈಬಿಟ್ಟ ಅದೇ ವರ್ಷ. ಆಲ್ಮಾದ ಬೆನ್ನಿಗೆ ಸದಸ್ಯತ್ವದ ಪ್ರತಿಷ್ಠಾನ, ರಾಕಿಯ ಬೆನ್ನಿಗೆ ಸಾರ್ವಜನಿಕ ಹಿತದ ಕಂಪನಿ ಎಂದು ನೋಂದಾಯಿಸಿದ ಸಂಸ್ಥೆ. ಎರಡರ ಹಿಂದೆಯೂ ಹಣ ಹಾಕುವ ಖಾಸಗಿ ಕಂಪನಿಗಳು. ಆ ವರ್ಷದ ಕೊನೆಯ ತಿದ್ದುಪಡಿ ಸಮಯಕ್ಕೆ ಸರಿಯಾಗಿ ಸರ್ವರಿಗೆ ಇಳಿಯುತ್ತದೆಯೇ, ಅದನ್ನು ಹೊಲಿದವರಿಗೆ ಕೂಲಿ ಸಿಕ್ಕಿರುತ್ತದೆಯೇ ಎಂಬುದು ಈ ಇಡೀ ಪ್ರಶ್ನೆಗೆ ಸಿಗಬೇಕಾದ ಮೊದಲ ನಿಜವಾದ ಉತ್ತರ.